ಡ್ರೋನ್ ಸ್ವಲ್ಪ ಕೆಳಗಿಳಿಸಿ

ಆಸ್ಟ್ರೇಲಿಯಾ ಖಂಡದ ನೆಲ, ಬೆಟ್ಟ, ಮರುಭೂಮಿಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತೇವೆ ಅಂತ ಬರುವವರು ಮೊದಲು ಮಾತಾಡುವುದೇ ಡ್ರೋನ್ ಬಗ್ಗೆ. ‘ಮೇಲಿಂದ ತೆಗೆದರೆ ಎಲ್ಲಾ ಕಾಣುತ್ತೆ ಅಲ್ವಾ ಸಾರ್?’ ಕಾಣುತ್ತದಪ್ಪಾ. ಎತ್ತರ ಒಂದು ಬಿಟ್ಟು.

ಸಿಂಪ್ಸನ್ ಮರುಭೂಮಿಯನ್ನೇ ನೋಡಿ. ಅಲ್ಲಿನ ಕೆಂಪು ಮರಳುದಿಬ್ಬಗಳು ಹೆಚ್ಚುಕಡಿಮೆ ಉತ್ತರ-ದಕ್ಷಿಣವಾಗಿ ಸಾಲುಗಟ್ಟಿವೆ. ಪೂರ್ವದ ಇಳಿಜಾರು ಜಾಸ್ತಿ ಕಡಿದು. ಬಿಗ್ ರೆಡ್ ಅನ್ನುವ ದಿಬ್ಬ ಸುಮಾರು 40 ಮೀಟರ್ ಎತ್ತರ. ಮಧ್ಯಾಹ್ನ ನೆತ್ತಿಯಿಂದ ತೆಗೆದರೆ ಅದು ಬರೀ ಬಣ್ಣದ ಪಟ್ಟೆ. ಸಂಜೆ ಪಶ್ಚಿಮದ ಬಿಸಿಲು ಓರೆಯಾಗಿ ಬಿದ್ದಾಗ ಪೂರ್ವದ ಮಗ್ಗುಲು ನೆರಳಿಗೆ ಸರಿಯುತ್ತದೆ, ದಿಬ್ಬ ಎದ್ದು ನಿಲ್ಲುತ್ತದೆ. ಪರದೆಯ ಮೇಲೆ ಎತ್ತರ ಅಂತ ನಾವು ನೋಡುವುದು ಬಹುಪಾಲು ಆ ನೆರಳನ್ನೇ. ಇದನ್ನು ಎಷ್ಟು ಸಲ ಹೇಳಿದರೂ ಹನ್ನೆರಡು ಗಂಟೆಗೆ ತೆಗೆದ ಫುಟೇಜ್ ಹಿಡಿದುಕೊಂಡೇ ಬರುತ್ತಾರೆ.

ನೆರಳು ಸಿಕ್ಕಿದರೂ ಸಾಲದು. ಅಳತೆ ಗೊತ್ತಿರುವ ಏನಾದರೂ ಫ್ರೇಮಿನಲ್ಲಿ ಇರಬೇಕು. ಉಲೂರು ಬಂಡೆ ಸುತ್ತಲಿನ ಬಯಲಿನಿಂದ 348 ಮೀಟರ್ ಎತ್ತರ, ಸುತ್ತಳತೆ 9 ಕಿಲೋಮೀಟರಿಗೂ ಜಾಸ್ತಿ. ನಮ್ಮ ಹುಡುಗನೊಬ್ಬ ಅದನ್ನು ತುಂಬಾ ಚೆನ್ನಾಗಿ ತೆಗೆದುಕೊಂಡು ಬಂದಿದ್ದ. ಬಂಡೆ, ಆಕಾಶ, ಅಷ್ಟೇ. ಎಡಿಟಿಂಗಿಗೆ ಕೂತಾಗ ನಿರ್ಮಾಪಕರು ‘ಇದೇನು, ಹುತ್ತಾನಾ?’ ಅಂದುಬಿಟ್ಟರು. ಪಾಪ, ಹುಡುಗನ ಮುಖ ಸಣ್ಣದಾಗಿಬಿಟ್ಟಿತು. ಆಮೇಲೆ ಅವನ ರಶಸ್ (ಎಡಿಟ್ ಆಗದ ಪೂರ್ತಿ ಫುಟೇಜ್) ಕೆದಕಿದರೆ ಬುಡದ ದಾರಿಯಲ್ಲಿ ಇಬ್ಬರು ಸುಮ್ನೆ ನಡೆದುಹೋಗುವ ಶಾಟ್ ಇತ್ತು. ಜನ ಅಡ್ಡ ಬಂದರು ಅಂತ ಅವನೇ ಬದಿಗಿಟ್ಟಿದ್ದ. ಚಿತ್ರದಲ್ಲಿ ಉಳಿದದ್ದು ಅದೇ ಶಾಟ್.

ಅಂದಹಾಗೆ ಉಲೂರುವಿನಲ್ಲಿ ವಾಣಿಜ್ಯ ಚಿತ್ರೀಕರಣಕ್ಕೆ ಅನುಮತಿ ಬೇಕು. ಪ್ರವಾಸಿಗರು ಡ್ರೋನ್ ಹಾರಿಸುವಂತಿಲ್ಲ. ಅಲ್ಲಿನ ಮೂಲನಿವಾಸಿಗಳಾದ ಅನಂಗು ಜನರಿಗೆ ಪವಿತ್ರವಾದ ಕೆಲವು ಜಾಗಗಳ ಕಡೆಗೆ ಕ್ಯಾಮೆರಾ ತಿರುಗಿಸುವ ಹಾಗೂ ಇಲ್ಲ. ನಿಯಮಗಳು ಬದಲಾಗುತ್ತಿರುತ್ತವೆ, ನನ್ನ ಮಾತು ನಂಬಿಕೊಂಡು ಹೊರಡಬೇಡಿ, ಪಾರ್ಕಿನವರನ್ನೇ ಕೇಳಿ.

ಹಾಗಂತ ಡ್ರೋನ್ ಬೇಡವೇ ಬೇಡ ಅಂತಲ್ಲ. ಆಸ್ಟ್ರೇಲಿಯಾದ ಒಳನಾಡಿನ ಚಾನೆಲ್ ಕಂಟ್ರಿ ಅನ್ನುವ ಬಯಲುಸೀಮೆಯಲ್ಲಿ ಪ್ರವಾಹ ಬಂದಾಗ ಕೂಪರ್ ಕ್ರೀಕ್ ಅನ್ನುವ ನದಿ ನೂರಾರು ಕವಲಾಗಿ ಬಯಲಿಗೆ ಹರಡುತ್ತದೆ. ನೆಲ ಎಷ್ಟು ಚಪ್ಪಟೆ ಅಂದರೆ ದಡದಲ್ಲಿ ನಿಂತವರಿಗೆ ಒಂದಿಷ್ಟು ಕೆಸರು ನೀರು ಬಿಟ್ಟು ಏನೂ ಕಾಣುವುದಿಲ್ಲ. ಅಲ್ಲಿ ಧಾರಾಳವಾಗಿ ಹಾರಿಸಿ. ಬಿಸಿಲು ಇಳಿದ ಹೊತ್ತಿನಲ್ಲಿ ಸೂರ್ಯನ ಕಡೆ ಮುಖ ಮಾಡಿ ತೆಗೆದರೆ ನೀರು ಹೊಳೆದು, ಕವಲುಗಳೆಲ್ಲ ಬಿಡಿಬಿಡಿಯಾಗಿ ಕಾಣುತ್ತವೆ.