ಅರುಬೈಟೊ: ಕೆಲಸ ಹೌದು, ನೌಕರಿ ಅಲ್ಲ

ಜಪಾನಿನ ಬಗ್ಗೆ ಬರೆಯುವವರು ‘ಅರುಬೈಟೊ’ ಅಂದರೆ ಉದ್ಯೋಗ ಅಂತ ಬರೆದುಬಿಡುತ್ತಾರೆ. ಇದನ್ನು ಎಷ್ಟು ಸಲ ಓದುವುದು? ಕಾರು ಕಂಪನಿಯ ಖಾಯಂ ಎಂಜಿನಿಯರ್ ಮಾಡುವುದು ಅರುಬೈಟೊ ಅಲ್ಲ. ಕಾಲೇಜು ಹುಡುಗಿ ಸಂಜೆ ಅಂಗಡಿಯಲ್ಲಿ ಬಿಲ್ ಹಾಕಿ, ಗಂಟೆ ಲೆಕ್ಕದಲ್ಲಿ ದುಡ್ಡು ತಗೊಂಡು ಹೋಗುತ್ತಾಳಲ್ಲ, ಅದು ಅರುಬೈಟೊ. ಆಡುಮಾತಲ್ಲಿ ಬರೀ ‘ಬೈಟೊ’.

ಮೂಲ ಜರ್ಮನ್ನಿನ ‘ಆರ್ಬೈಟ್’. ಅಲ್ಲಿ ಎಲ್ಲ ದುಡಿಮೆಯೂ ಆರ್ಬೈಟೇ. ನಾವು ಬಸ್‌ಗೆ ಉಕಾರ ಸೇರಿಸಿ ಬಸ್ಸು ಅಂತೀವಿ ಅಲ್ವಾ, ಜಪಾನಿಗಳೂ ಹಾಗೇ: ‘ರ್’ ಹೋಗಿ ‘ರು’ ಆಯ್ತು, ‘ಟ್’ ಹೋಗಿ ‘ಟೊ’ ಆಯ್ತು. ಸದ್ದು ಹಿಗ್ಗಿತು, ಅರ್ಥ ಕುಗ್ಗಿತು.

ಇನ್ನೊಂದು ತಪ್ಪು ನನಗೆ ಜಾಸ್ತಿ ಬೇಸರ ತರಿಸುತ್ತದೆ. ಹಿಟ್ಲರ್ ಕಾಲದ ಜರ್ಮನಿ-ಜಪಾನ್ ದೋಸ್ತಿಯಿಂದ ಈ ಪದ ಬಂತಂತೆ! ಸುಮ್ನೆ ಹೇಳುವ ಮಾತು. 1871ರಲ್ಲೇ ಇಬ್ಬರು ಜರ್ಮನ್ ವೈದ್ಯರು ಪಾಠ ಮಾಡಲು ಟೋಕಿಯೋಗೆ ಬಂದಿದ್ದರು. ಆಮೇಲೆ ಜಪಾನಿನ ವೈದ್ಯ ವಿದ್ಯಾರ್ಥಿಗಳು ಜರ್ಮನ್ನಲ್ಲೇ ಓದಿದರು, ರೋಗಿಯ ವಿವರದ ಚೀಟಿಯನ್ನೂ ಜರ್ಮನ್ನಲ್ಲೇ ಬರೆದರು. ಆ ಚೀಟಿಗೆ ಇಂದಿಗೂ ‘ಕರುತೆ’ ಅಂತಲೇ ಹೆಸರು, ಜರ್ಮನ್ನಿನ ‘ಕಾರ್ಟೆ’. ಮುರಿದ ಕಾಲಿಗೆ ಹಾಕುವ ಪ್ಲಾಸ್ಟರ್ ‘ಗಿಪುಸು’, ಅದೂ ಜರ್ಮನ್ನಿನದೇ. ಹೀಗೆ ಜರ್ಮನ್ ಕಲಿತ ವಿದ್ಯಾರ್ಥಿಗಳ ಬಾಯಲ್ಲಿ ಓದಿನ ನಡುವಿನ ಪುಡಿ ಸಂಪಾದನೆಗೆ ಅರುಬೈಟೊ ಅನ್ನೋ ಹೆಸರು ಬಿತ್ತು.

ಅದು ಊರಿಗೆಲ್ಲ ಹರಡಿದ್ದು ಎರಡನೇ ಮಹಾಯುದ್ಧದಲ್ಲಿ ಜಪಾನ್ ಸೋತ ಮೇಲೆ, ಹೊಟ್ಟೆಗೂ ಫೀಸಿಗೂ ಹುಡುಗರು ಸಿಕ್ಕಿದ ಕೆಲಸ ಮಾಡಬೇಕಾದಾಗ. ಅಮೆರಿಕನ್ನರು ಬಂದರು, ವೈದ್ಯ ಪಾಠದಲ್ಲಿ ಇಂಗ್ಲಿಷ್ ಮೇಲಾಯಿತು. ಆದರೂ ಕರುತೆ ಹೋಗಲಿಲ್ಲ, ಬೈಟೊನೂ ಹೋಗಲಿಲ್ಲ. 1980ರ ದಶಕದಲ್ಲಿ ಇಂಗ್ಲಿಷಿನ ‘ಫ್ರೀ’ಗೆ ಜರ್ಮನ್ನಿನ ‘ಆರ್ಬೈಟರ್’ ಬಾಲ ಅಂಟಿಸಿ ‘ಫುರೀತಾ’ ಅಂತ ಮಾಡಿಕೊಂಡರು. ಖಾಯಂ ಕೆಲಸ ಹಿಡಿಯದೆ ಬೈಟೊಗಳಲ್ಲೇ ದಿನ ತಳ್ಳುವ ಯುವಕರ ಹೆಸರು ಅದು.

1950ರ ದಶಕದಿಂದ ಜಪಾನಿ ಕಂಪನಿಗಳು ಜರ್ಮನಿಯ ರೂರ್ ಪ್ರದೇಶದ ಉಕ್ಕು, ಯಂತ್ರಗಳನ್ನು ಹುಡುಕಿಕೊಂಡು ಪಕ್ಕದ ಡ್ಯುಸೆಲ್‌ಡಾರ್ಫ್‌ಗೆ ಬಂದವು. ಈಗ ಅಲ್ಲಿನ ಇಮ್ಮರ್‌ಮನ್ ರಸ್ತೆಯಲ್ಲಿ ಜಪಾನಿ ಹೋಟೆಲು, ದಿನಸಿ ಅಂಗಡಿಗಳ ಸಾಲೇ ಇದೆ. ಅಂಥ ಅಂಗಡಿಯವರು ‘ಅರುಬೈಟೊಗೆ ಜನ ಬೇಕಾಗಿದ್ದಾರೆ’ ಅಂತ ಜಪಾನಿಯಲ್ಲಿ ಬರೆದು ಗಾಜಿಗೆ ಅಂಟಿಸಿದರೆ ಜಪಾನಿ ವಿದ್ಯಾರ್ಥಿಗೆ ತಕ್ಷಣ ಅರ್ಥವಾಗುತ್ತದೆ. ಅದನ್ನೇ ಗಟ್ಟಿಯಾಗಿ ಓದಿ ಹೇಳಿದರೂ ಪಕ್ಕದಲ್ಲಿ ನಿಂತ ಜರ್ಮನ್ನನಿಗೆ ಅದು ತನ್ನ ಮನೆಯ ಪದ ಅಂತ ಗೊತ್ತಾಗುವುದು ಕಷ್ಟ.