ಅಡಗೂಲಜ್ಜಿ ಎಂದರೆ ಯಾರು?

ಮಳೆಗಾಲದ ಭಾನುವಾರಗಳಲ್ಲಿ ನಮ್ಮೂರಿನ ವಾಚನಾಲಯದ ಜಗಲಿಯಲ್ಲಿ ಮಕ್ಕಳಿಗೆ ಕಥೆ ಓದಿ ಹೇಳುತ್ತೇನೆ. ಕಾಸರಗೋಡಿನಿಂದ ಬದಿಯಡ್ಕಕ್ಕೆ ಬಂದು, ಅಲ್ಲಿಂದ ಸ್ವಲ್ಪ ಒಳಗೆ ಹೋದರೆ ಅಡಿಕೆ ತೋಟಗಳ ನಡುವೆ ಸಿಗುವ ಊರು ನಮ್ಮದು. ಬರುವ ಮಕ್ಕಳಲ್ಲಿ ಕೆಲವರ ಮನೆಮಾತು ತುಳು, ಕೆಲವರದ್ದು ಮಲಯಾಳ, ಕೆಲವರದ್ದು ಹವ್ಯಕ ಕನ್ನಡ. ಕಥೆ ಮಾತ್ರ ಎಲ್ಲರಿಗೂ ಶಾಲೆಯ ಕನ್ನಡದಲ್ಲಿ.

ಒಂದು ವಾರ ರಷ್ಯಾದ ಕಥೆ ಓದುತ್ತಿದ್ದೆ. ಹುಡುಗನೊಬ್ಬ ಕಾಡಿನಲ್ಲಿ ನಡೆದು ನಡೆದು ಸುಸ್ತಾಗಿ ಒಂದು ಗುಡಿಸಲು ಸೇರುತ್ತಾನೆ. 'ಒಳಗೆ ಒಬ್ಬ ಮುದಿ ಮಾಟಗಾತಿ ಇದ್ದಳು' ಅಂತ ಪುಸ್ತಕದಲ್ಲಿತ್ತು. ಮುಂದೆ ನೋಡಿದರೆ ಆ ಮಾಟಗಾತಿ ಅವನಿಗೆ ಊಟ ಹಾಕುತ್ತಾಳೆ, ಮೀಯಲು ಬಿಸಿನೀರು ಕಾಯಿಸುತ್ತಾಳೆ, ಹಾಸಿಗೆ ಹಾಸುತ್ತಾಳೆ, ಬೆಳಗ್ಗೆ ದಾರಿ ಹೇಳಿ ಕಳಿಸುತ್ತಾಳೆ. ಇದು ಮಾಟಗಾತಿಯ ಕೆಲಸವಾ? ನನಗೆ ಸರಿ ಕಾಣಲಿಲ್ಲ. ಆ ಪದ ಬಿಟ್ಟು 'ಒಳಗೆ ಒಬ್ಬ ಅಡಗೂಲಜ್ಜಿ ಇದ್ದಳು' ಎಂದು ಓದಿದೆ.

"ಅಡಗೂಲಜ್ಜಿ ಅಂದ್ರೆ ಎಂತ ಟೀಚರ್?" ಎಂದು ನಾಲ್ಕೈದು ಮಕ್ಕಳು ಒಟ್ಟಿಗೇ ಕೇಳಿದರು. ಅವತ್ತು ಕಥೆ ಅರ್ಧದಲ್ಲೇ ನಿಂತಿತು. ಆ ಪದದ ಹಿಂದೆಯೇ ಹೋದೆವು.

ಅಡಗೂಲಜ್ಜಿ ಎಂದರೆ ದಾರಿಹೋಕರಿಗೆ ಅಡುಗೆ ಮಾಡಿ ಬಡಿಸಿ, ಅದರಿಂದಲೇ ಬದುಕುವ ಅಜ್ಜಿ. ಅಡುಗೂಲಜ್ಜಿ, ಅಡುಗೂಳಜ್ಜಿ ಅಂತಲೂ ಬರೆಯುವುದುಂಟು. ಮೊದಲ ತುಂಡು 'ಅಡು', ಅಂದರೆ ಬೇಯಿಸು. ಅಡುಗೆ ಬಂದದ್ದು ಅದರಿಂದಲೇ. 'ಅಟ್ಟ ಮೇಲೆ ಒಲೆ ಉರಿಯಿತು, ಕೆಟ್ಟ ಮೇಲೆ ಬುದ್ಧಿ ಬಂತು' ಎಂಬ ಗಾದೆಯ 'ಅಟ್ಟ' ಕೂಡ ಇದೇ 'ಅಡು'. ಅಟ್ಟ ಎಂದರೆ ಮಹಡಿ ಅಂತಲೇ ಮಕ್ಕಳು ತಿಳಿದಿದ್ದರು. ಒಲೆಗೂ ಮಹಡಿಗೂ ಎಂತ ಸಂಬಂಧ ಎಂದು ಯಾರೂ ಅವರಿಗೆ ಹೇಳಿರಲಿಲ್ಲ.

ಆಗ ಮನೆಯಲ್ಲಿ ಮಲಯಾಳ ಮಾತಾಡುವ ಒಬ್ಬಳು ಪುಟ್ಟಿ ಕೈ ಎತ್ತಿದಳು. "ಟೀಚರ್, ಅಡುಪ್ಪಿನ ಅಡುವಾ?" ಹೌದು, ಅದೇ. ಮಲಯಾಳ, ತಮಿಳು ಎರಡರಲ್ಲೂ ಒಲೆಗೆ ಅಡುಪ್ಪು ಎನ್ನುತ್ತಾರೆ. ಗಡಿಯ ಮಕ್ಕಳಿಗೆ ಕನ್ನಡ ಕಷ್ಟ ಎಂದು ಹೇಳುವವರಿದ್ದಾರೆ. ಈ ಪದ ಬಿಡಿಸಲು ಬೇಕಿದ್ದ ಕೀಲಿ ಇದ್ದದ್ದು ಆ ಪುಟ್ಟಿಯ ಹತ್ತಿರ. ನನಗೆ ಅವತ್ತು ಆದ ಖುಷಿ ಅಷ್ಟಿಷ್ಟಲ್ಲ.

ಎರಡನೇ ತುಂಡು 'ಕೂಳು'. ಹಳಗನ್ನಡದಲ್ಲಿ ಕೂಳು ಎಂದರೆ ಅನ್ನ, ಊಟ, ಅಷ್ಟೇ. ಅದರಲ್ಲಿ ಕೀಳು ಏನೂ ಇರಲಿಲ್ಲ. ಈಗ ನಾವು ಅದನ್ನು ಬೈಗುಳದ ಜೊತೆಗೆ ಮಾತ್ರ ಇಟ್ಟುಕೊಂಡಿದ್ದೇವೆ. 'ಕೂಳಿಗೆ ದಂಡ' ಅನ್ನುತ್ತೇವೆ. ಪಕ್ಕದ ಭಾಷೆಗಳು ಈ ಪದವನ್ನು ಇನ್ನೂ ಮರ್ಯಾದೆಯಿಂದ ನೋಡಿಕೊಳ್ಳುತ್ತಿವೆ. ತಮಿಳುನಾಡಿನಲ್ಲಿ ಆಡಿ ತಿಂಗಳಲ್ಲಿ ಮಾರಿಯಮ್ಮನ ಗುಡಿಗಳಲ್ಲಿ ಜನರಿಗೆ ಹಂಚುವ ರಾಗಿ ಅಂಬಲಿಯ ಹೆಸರು ಕೂೞ್. ತೆಲುಗಿನಲ್ಲಿ ಊಟಕ್ಕೆ ಕೂಡು ಎನ್ನುತ್ತಾರೆ. ನಾವು ಅನ್ನ ಬಟ್ಟೆ ಅನ್ನುವ ಹಾಗೆ ಅವರು ಕೂಡು ಗುಡ್ಡ ಅನ್ನುತ್ತಾರೆ.

ಈ ಪದವನ್ನು 'ಅಡು' ಮತ್ತು 'ಕೂಲಿ' ಎಂದು ಬಿಡಿಸಿ, ಕೂಲಿಗೆ ಅಡುವ ಅಜ್ಜಿ ಎಂದು ಅರ್ಥ ಮಾಡಲೂ ಬರುತ್ತದೆ. ಆದರೆ ನನ್ನ ಮನಸ್ಸು ಕೂಳಿನ ಕಡೆಗೇ. ಅದಕ್ಕೆ ಕಾರಣ ತೆಲುಗಿನ ಇನ್ನೊಂದು ಪದ. ಅಲ್ಲಿ ಊಟದ ಮನೆ ನಡೆಸುವ ಹೆಂಗಸಿಗೆ ಪೂಟಕೂಳ್ಳಮ್ಮ ಎಂಬ ಹೆಸರಿದೆ. ಪೂಟ ಎಂದರೆ ಹೊತ್ತು. ಹೊತ್ತಿನ ಕೂಳು ಬಡಿಸುವ ಅಮ್ಮ. ನಮ್ಮ ಅಡಗೂಲಜ್ಜಿಯ ಅಕ್ಕನ ಹಾಗೇ ಇದ್ದಾಳೆ, ಅಲ್ವಾ?

ಕಥೆಗಳಲ್ಲಿ ಈ ಅಜ್ಜಿ ಬರುವ ಜಾಗ ಹೆಚ್ಚುಕಮ್ಮಿ ಒಂದೇ. ರಾಜಕುಮಾರ ಮನೆ ಬಿಟ್ಟು ಹೊರಟಿದ್ದಾನೆ. ಕತ್ತಲಾಗುವ ಹೊತ್ತಿಗೆ ಗುರುತಿಲ್ಲದ ಊರೊಂದಕ್ಕೆ ಬರುತ್ತಾನೆ. ಊರಿನ ಅಂಚಿನಲ್ಲಿ ಒಂದು ಗುಡಿಸಲು, ಅದರಲ್ಲಿ ಅಡಗೂಲಜ್ಜಿ. ಅವನು ಕುದುರೆ ಕಟ್ಟಿ, ಅವಳ ಕೈಗೆ ಒಂದು ವರಹ ಕೊಟ್ಟು, "ಅಜ್ಜೀ, ಅಡುಗೆ ಮಾಡು" ಅನ್ನುತ್ತಾನೆ. ಉಂಡಾದ ಮೇಲೆ ಮಾತು. ಈ ಊರಿನ ರಾಜನ ಮಗಳು ಯಾಕೆ ನಗುವುದಿಲ್ಲ, ಕೋಟೆಯ ಬಾಗಿಲು ಯಾಕೆ ಮುಚ್ಚಿದೆ, ರಾಕ್ಷಸನಿಗೆ ಇವತ್ತು ಯಾರ ಮನೆಯ ಸರದಿ, ಎಲ್ಲವೂ ಅವಳಿಗೆ ಗೊತ್ತು. ಕೆಲವು ಕಥೆಗಳಲ್ಲಿ ಅವತ್ತು ಸರದಿ ಅವಳ ಸ್ವಂತ ಮೊಮ್ಮಗನದ್ದೇ. ಅವಳು ಅಳುತ್ತಾ ಅಡುಗೆ ಮಾಡುತ್ತಾಳೆ.

ಅವಳಿಗೆ ಅಷ್ಟೆಲ್ಲ ಹೇಗೆ ಗೊತ್ತು? ಮಂತ್ರದಿಂದ ಅಲ್ಲ. ಜನ ನಡೆದುಕೊಂಡೋ ಗಾಡಿಯಲ್ಲೋ ಊರೂರು ತಿರುಗುತ್ತಿದ್ದ ಕಾಲದಲ್ಲಿ ಹೋಟೆಲ್ ಎಲ್ಲಿತ್ತು? ವ್ಯಾಪಾರಿ, ಯಾತ್ರಿಕ, ಸಿಪಾಯಿ, ಎಲ್ಲರೂ ಇಂಥ ಮನೆಗಳಲ್ಲೇ ಉಣ್ಣಬೇಕು. ಉಂಡವರು ಸುಮ್ನೆ ಏಳುವುದಿಲ್ಲ, ತಮ್ಮ ಊರಿನ ಸುದ್ದಿ ಹೇಳಿಯೇ ಏಳುತ್ತಾರೆ. ಅಜ್ಜಿಯ ಒಲೆಯ ಮುಂದೆ ಹತ್ತೂರಿನ ಸುದ್ದಿ ಸೇರುತ್ತದೆ. ಕಥೆಯಲ್ಲಿ ಅವಳು ಎಲ್ಲ ತಿಳಿದವಳಾಗಿ ಬರುವುದು ಅದಕ್ಕೇ.

ಅವಳಿಗೆ ಒಂದು ಹೆಸರಿಲ್ಲ ಎಂಬುದನ್ನೂ ಗಮನಿಸಬೇಕು. ಕನ್ನಡದ ಜನಪದ ಕಥೆಗಳನ್ನು ಸಂಗ್ರಹಿಸಿದ ಎ.ಕೆ. ರಾಮಾನುಜನ್ ಒಂದು ಸೂಕ್ಷ್ಮ ತೋರಿಸಿದ್ದಾರೆ. ಮನೆಯೊಳಗೆ, ಅಡುಗೆಮನೆಯಲ್ಲಿ ಹೇಳುವ ಕಥೆಗಳಲ್ಲಿ ಪಾತ್ರಗಳಿಗೆ ಹೆಸರು ಇರುವುದಿಲ್ಲ, ಒಬ್ಬ ರಾಜ, ಒಬ್ಬಳು ಕಿರಿಯ ಸೊಸೆ, ಅಷ್ಟೇ. ಹೊರಗೆ ನೆರೆದ ಜನರ ಮುಂದೆ ಕಸುಬಿನವರು ಹೇಳುವ ಕಥೆಗಳಲ್ಲಿ ಹೆಸರು, ಊರು ಎಲ್ಲ ಬರುತ್ತವೆ. ಅಡಗೂಲಜ್ಜಿ ಒಳಗಿನ ಕಥೆಯವಳು. ಅವಳ ಕೆಲಸವೇ ಅವಳ ಹೆಸರು.

ಅವಳು ಕನ್ನಡ ಬಿಟ್ಟು ಬೇರೆ ಕಡೆ ಇದ್ದಾಳಾ ಎಂದು ಮಕ್ಕಳು ಕೇಳಿದರು. ಇದ್ದಾಳೆ. ಗಡಿ ದಾಟಿ ಆಂಧ್ರಕ್ಕೆ ಹೋದರೆ ಪೇದರಾಶಿ ಪೆದ್ದಮ್ಮ ಆಗುತ್ತಾಳೆ. ತೆಲುಗು ಮಕ್ಕಳಿಗೆ ಆ ಹೆಸರು ಕೇಳಿದರೆ ಸಾಕು, ರಾಜಕುಮಾರ ಬಂದ ಅಂತ ಗೊತ್ತಾಗುತ್ತದೆ.

ಇನ್ನೂ ದೂರ ಹೋಗೋಣ. ಕ್ರಿಸ್ತಶಕ 2ನೇ ಶತಮಾನದಲ್ಲಿ ಅಪುಲೇಯಸ್ ಎಂಬ ಬರಹಗಾರ ಇದ್ದ. ಈಗಿನ ಅಲ್ಜೀರಿಯಾದಲ್ಲಿ ಹುಟ್ಟಿದವನು, ಲ್ಯಾಟಿನ್ ಭಾಷೆಯಲ್ಲಿ ಬರೆದವನು. ಅವನ ಕಾದಂಬರಿಯೊಂದರಲ್ಲಿ ಕಳ್ಳರು ಮದುವಣಗಿತ್ತಿಯೊಬ್ಬಳನ್ನು ಹಿಡಿದು ತಂದು ಗುಹೆಯಲ್ಲಿ ಇಡುತ್ತಾರೆ. ಆ ಕಳ್ಳರಿಗೆ ಅಡುಗೆ ಮಾಡಿ ಹಾಕುವವಳು ಒಬ್ಬ ಮುದುಕಿ. ಹುಡುಗಿ ಅಳು ನಿಲ್ಲಿಸುವುದಿಲ್ಲ. ಕೊನೆಗೆ ಆ ಮುದುಕಿ ಅವಳನ್ನು ಕೂರಿಸಿಕೊಂಡು ಒಂದು ಅಜ್ಜಿಕಥೆ ಹೇಳುತ್ತಾಳೆ. ಕತ್ತಲಲ್ಲಿ ಮಾತ್ರ ಬಂದು ಹೋಗುವ, ಮುಖ ತೋರಿಸದ ಗಂಡ, ಮತ್ತು ದೀಪ ಹಚ್ಚಿ ಅವನ ಮುಖ ನೋಡಿಬಿಟ್ಟ ಹೆಂಡತಿ, ಅವರ ಕಥೆ ಅದು. ಕ್ಯುಪಿಡ್ ಮತ್ತು ಸೈಕಿ ಎಂಬ ಹೆಸರಿನಲ್ಲಿ ಲೋಕವೆಲ್ಲ ಅದನ್ನು ಇವತ್ತಿಗೂ ಹೇಳುತ್ತದೆ. ಮೊದಲು ಅದನ್ನು ಹೇಳುವವಳು ಅಡುಗೆಯ ಮುದುಕಿ ಎಂಬುದನ್ನು ಮಕ್ಕಳ ಪುಸ್ತಕಗಳು ಬಿಟ್ಟುಬಿಡುತ್ತವೆ. ನನಗೆ ಅದು ದೊಡ್ಡ ನಷ್ಟ ಅನಿಸುತ್ತದೆ.

ಇವಳು ಕಥೆಯೊಳಗಿನ ಅಜ್ಜಿ. ನಿಜವಾಗಿ ಬದುಕಿದ್ದ ಒಬ್ಬಳ ಬಗ್ಗೆ ಜಾಸ್ತಿ ಹೇಳಬೇಕು. ಜರ್ಮನಿಯ ಗ್ರಿಮ್ ಸಹೋದರರು ತಮ್ಮ ಕಥೆಗಳ ಮೊದಲ ಸಂಪುಟ ಪ್ರಕಟಿಸಿದ್ದು 1812ರಲ್ಲಿ, ಎರಡನೆಯದು 1815ರಲ್ಲಿ. ಎರಡನೇ ಸಂಪುಟಕ್ಕೆ ತುಂಬಾ ಕಥೆ ಕೊಟ್ಟವಳು ಡೊರೊತಿಯಾ ವೀಮಾನ್. 1755ರಲ್ಲಿ ಹುಟ್ಟಿದವಳು. ಅವಳ ಅಪ್ಪ ಕಾಸೆಲ್ ಊರಿನ ಹತ್ತಿರ ದಾರಿಬದಿಯಲ್ಲಿ ದಾರಿಹೋಕರ ಊಟವಸತಿಯ ಮನೆ ನಡೆಸುತ್ತಿದ್ದ. ಗಾಡಿ ಹೊಡೆಯುವವರು, ಸಿಪಾಯಿಗಳು, ತಿರುಗುವ ಕುಶಲಕರ್ಮಿಗಳು ಅಲ್ಲಿ ಇಳಿಯುತ್ತಿದ್ದರು. ಅವರ ಕಥೆಗಳನ್ನು ಕೇಳುತ್ತಲೇ ಈ ಹುಡುಗಿ ಬೆಳೆದಳು. ಮುದುಕಿಯಾದ ಮೇಲೆ ಮನೆಯ ತೋಟದ ತರಕಾರಿಯನ್ನು ಕಾಸೆಲ್‌ಗೆ ತಂದು ಮಾರುತ್ತಿದ್ದಳು. 1813ರಿಂದ ಗ್ರಿಮ್ ಸಹೋದರರಿಗೆ ಕಥೆ ಹೇಳತೊಡಗಿದಳು, ಒಟ್ಟು ಮೂವತ್ತಕ್ಕೂ ಹೆಚ್ಚು. ಅವಳು ಹೇಳುವ ರೀತಿಯನ್ನು ಅವರು ಮನಸಾರೆ ಹೊಗಳಿದ್ದಾರೆ. ಒಮ್ಮೆ ಸರಾಗವಾಗಿ ಹೇಳುತ್ತಿದ್ದಳಂತೆ. ಬರೆದುಕೊಳ್ಳಬೇಕು ಎಂದರೆ ಅದೇ ಕಥೆಯನ್ನು ನಿಧಾನವಾಗಿ ಮತ್ತೆ ಹೇಳುತ್ತಿದ್ದಳಂತೆ. ಒಂದು ಮಾತು ತಪ್ಪಿದರೆ ನಡುವೆಯೇ ನಿಲ್ಲಿಸಿ ತಾನೇ ತಿದ್ದುತ್ತಿದ್ದಳಂತೆ. 1819ರ ಆವೃತ್ತಿಯಲ್ಲಿ ಅವಳ ಚಿತ್ರವನ್ನೇ ಹಾಕಿದರು. ಆದರೆ ಅದನ್ನು ನೋಡಲು ಅವಳಿರಲಿಲ್ಲ, 1815ರಲ್ಲೇ ತೀರಿಕೊಂಡಿದ್ದಳು.

ಅಡಗೂಲಜ್ಜಿಯ ಬಗ್ಗೆ ನಾನು ಹೇಳಿದ್ದೆಲ್ಲ ಇವಳಲ್ಲಿ ಸಿಗುತ್ತದೆ. ದಾರಿಬದಿಯ ಮನೆ, ಉಣ್ಣಲು ಇಳಿದವರು, ಅವರು ಬಿಟ್ಟುಹೋದ ಮಾತು. ನಮ್ಮ ಮಕ್ಕಳು ಓದುವ 'ಹೆಬ್ಬಾತು ಕಾಯುವ ರಾಜಕುಮಾರಿ'ಯ ಕಥೆ ಅವಳ ಬಾಯಿಂದಲೇ ಬಂದದ್ದು.

ಈಗ ನಮ್ಮ ಕಥೆಯನ್ನು ಅರ್ಧದಲ್ಲಿ ನಿಲ್ಲಿಸಿದ ರಷ್ಯಾದ ಅಜ್ಜಿ. ಅವಳ ಹೆಸರು ಬಾಬಾ ಯಾಗಾ. ಅವಳಿಗೆ ಹೆಸರಿದೆ, ನಿಜ. ಆದರೆ ಅದರಲ್ಲಿ ಬಾಬಾ ಎಂದರೆ ಮುದುಕಿ ಎಂದೇ ಅರ್ಥ. ಅವಳ ಗುಡಿಸಲು ಕೋಳಿಕಾಲುಗಳ ಮೇಲೆ ನಿಂತಿರುತ್ತದೆ. ಅವಳು ಒರಳಿನಲ್ಲಿ ಕೂತು ಹಾರುತ್ತಾಳೆ, ಒನಕೆಯಿಂದ ಹುಟ್ಟು ಹಾಕುತ್ತಾಳೆ, ಹಿಡಿಸೂಡಿಯಿಂದ ತನ್ನ ದಾರಿಯ ಗುರುತು ಗುಡಿಸಿ ಅಳಿಸುತ್ತಾಳೆ. ಒರಳು, ಒನಕೆ, ಹಿಡಿಸೂಡಿ! "ಎಲ್ಲ ನಮ್ಮ ಅಜ್ಜಿಯದ್ದೇ ಸಾಮಾನು" ಎಂದು ಒಬ್ಬ ಹುಡುಗ ಕೂಗಿದ.

ಅವಳು ಒಮ್ಮೊಮ್ಮೆ ಮಕ್ಕಳನ್ನು ತಿನ್ನಲು ಹೊಂಚುವುದೂ ಇದೆ. ಆದರೆ ಎಷ್ಟೋ ಕಥೆಗಳಲ್ಲಿ ನಾಯಕ ಬಂದು ನಿಂತಾಗ ಅವಳು "ಎಲ್ಲಿಗೆ ಹೊರಟೆ? ಯಾಕೆ ಬಂದೆ?" ಎಂದು ಜೋರು ಮಾಡುತ್ತಾಳೆ. ಅವನು ಹೆದರುವುದಿಲ್ಲ. ಮೊದಲು ಉಣ್ಣಲು ಕುಡಿಯಲು ಕೊಡು, ಮೀಯಿಸು, ಮಲಗಿಸು, ಆಮೇಲೆ ಕೇಳು ಎನ್ನುತ್ತಾನೆ. ಅವಳಿಗೆ ನಾಚಿಕೆಯಾಗುತ್ತದೆ, ಒಲೆ ಹಚ್ಚುತ್ತಾಳೆ. ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮನೆಗೆ ಯಾರೇ ಬಂದರೂ ಮೊದಲು ಒಂದು ತುಂಡು ಬೆಲ್ಲ, ಒಂದು ಚೆಂಬು ನೀರು. ಆಸರಿಗೆ ಕೊಡದೆ ಬಂದ ಕೆಲಸ ಕೇಳಿದರೆ ಹಿರಿಯರು ಬೈಯುತ್ತಾರೆ. ಈ ಕಥೆಯನ್ನು ಓದುವಾಗ ಬೆಲ್ಲ ನೀರಿನ ಮಾತು ತೆಗೆದ ಕೂಡಲೇ ಮಕ್ಕಳ ಮುಖದಲ್ಲಿದ್ದ ಹೆದರಿಕೆ ಹೋಯಿತು.

ರಷ್ಯಾದ ವಿದ್ವಾಂಸ ವ್ಲಾದಿಮಿರ್ ಪ್ರಾಪ್ 1928ರಲ್ಲಿ ಜನಪದ ಕಥೆಗಳ ಕಟ್ಟಡವನ್ನು ಬಿಡಿಸಿ ನೋಡಿದಾಗ ಇಂಥ ಪಾತ್ರಕ್ಕೆ ಒಂದು ಹೆಸರಿಟ್ಟ. ಕನ್ನಡದಲ್ಲಿ ದಾನಿ ಎನ್ನಬಹುದು. ದಾರಿಯಲ್ಲಿ ಸಿಕ್ಕಿ, ನಾಯಕನನ್ನು ಸ್ವಲ್ಪ ಪರೀಕ್ಷಿಸಿ, ಮುಂದೆ ಬೇಕಾಗುವ ವಸ್ತುವನ್ನು ಕೊಟ್ಟು ಕಳಿಸುವವರು. ದಾನಿ ಪುಸ್ತಕದ ಪದ. ಮಕ್ಕಳಿಗೆ ಹೇಳುವಾಗ ಅದಕ್ಕಿಂತ ಅಡಗೂಲಜ್ಜಿ ಸಾವಿರ ಪಾಲು ಮೇಲು. ಒಲೆ, ಹೊಗೆ, ಅನ್ನದ ಪರಿಮಳ ಎಲ್ಲ ಅದರೊಳಗೇ ಇದೆ. ಜಪಾನಿನ ಮೊಮೊತಾರೊ ರಾಕ್ಷಸರ ದ್ವೀಪಕ್ಕೆ ಹೊರಟಾಗ ಅವನ ಅಜ್ಜಿ ಧಾನ್ಯದ ಹಿಟ್ಟಿನ ಉಂಡೆ ಕಟ್ಟಿಕೊಡುತ್ತಾಳೆ. ಅದನ್ನು ಹಂಚಿಕೊಂಡೇ ಅವನಿಗೆ ನಾಯಿ, ಕೋತಿ, ಹಕ್ಕಿ ಜೊತೆಯಾಗುತ್ತವೆ. ಅವಳು ಸಾಕಿದವಳು, ದಾರಿಯಲ್ಲಿ ಸಿಕ್ಕಿದವಳಲ್ಲ. ಅವಳನ್ನು ಅಡಗೂಲಜ್ಜಿ ಎನ್ನಲಾಗದು. ಬುತ್ತಿ ಮಾತ್ರ ಅದೇ.

'ಅಡಗೂಲಜ್ಜಿ ಕಥೆ' ಎಂದು ಹೀಯಾಳಿಸುವ ರೂಢಿಯ ಬಗ್ಗೆಯೂ ಒಂದು ಮಾತು. ನಂಬಲಾಗದ್ದನ್ನು ಯಾರಾದರೂ ಹೇಳಿದರೆ 'ಅಡಗೂಲಜ್ಜಿ ಕಥೆ ಹೇಳಬೇಡ' ಎನ್ನುತ್ತೇವೆ. ಇದು ನಮ್ಮಲ್ಲಿ ಮಾತ್ರ ಇರುವುದಲ್ಲ. ಪ್ಲೇಟೋ ಬರೆದ ಒಂದು ಸಂವಾದದಲ್ಲಿ ಸಾಕ್ರಟೀಸ್, ನಾನು ಹೇಳಿದ್ದು ನಿನಗೆ ಮುದುಕಿಯ ಕಥೆ ಅನಿಸಬಹುದು ಎನ್ನುತ್ತಾನೆ. ಎರಡು ಸಾವಿರ ವರ್ಷಕ್ಕೂ ಹಿಂದಿನ ಮಾತು. ನನಗೆ ಈ ಬಳಕೆ ನೋವು ಕೊಡುತ್ತದೆ. ದಿನವೂ ದಾರಿಹೋಕರ ಮಾತು ಕೇಳಿ, ಸುಳ್ಳು ನಿಜ ತೂಗಿ ನೋಡಿದವಳ ಹೆಸರಿನಲ್ಲೇ ನಾವು ಸುಳ್ಳನ್ನು ಕರೆಯುತ್ತಿದ್ದೇವೆ.

ಹಾಗಂತ ಪರದೇಶದ ಕಥೆಗಳ ಎಲ್ಲ ಮುದುಕಿಯರಿಗೂ ಈ ಹೆಸರು ಕೊಡಲಾಗದು. ಹಾನ್ಸೆಲ್ ಮತ್ತು ಗ್ರೇಟೆಲ್ ಕಥೆಯವಳು ಮಾಟಗಾತಿಯೇ. ಆದರೆ ಅವಳು ಆ ಮಕ್ಕಳನ್ನು ಹಿಡಿಯುವುದು ಹೇಗೆ ನೋಡಿ. ಕೈ ಹಿಡಿದು ಒಳಗೆ ಕರೆಯುತ್ತಾಳೆ. ಹಾಲು, ಸಕ್ಕರೆ ಹಾಕಿದ ದೋಸೆಯಂಥ ತಿಂಡಿ, ಸೇಬು ಕೊಡುತ್ತಾಳೆ. ಬಿಳಿ ಹಾಸಿಗೆ ಹಾಸಿ ಮಲಗಿಸುತ್ತಾಳೆ. ಮೊದಲ ರಾತ್ರಿ ಅವಳು ಮಾಡಿದ್ದೆಲ್ಲ ಅಡಗೂಲಜ್ಜಿಯ ಕೆಲಸವೇ. ಊಟ ಕೊಡುವ ಅಜ್ಜಿಯನ್ನು ನಂಬಬಹುದು ಎಂದು ಮಕ್ಕಳಿಗೆ ಗೊತ್ತಿರುವುದರಿಂದಲೇ ಆ ಕಥೆ ಅಷ್ಟು ಹೆದರಿಸುತ್ತದೆ. ಅವಳನ್ನು ಮೊದಲ ಸಾಲಿನಲ್ಲೇ ಮಾಟಗಾತಿ ಎಂದು ಕರೆದುಬಿಟ್ಟರೆ ಹೆದರಿಕೆಯೇ ಕೆಟ್ಟುಹೋಗುತ್ತದೆ. ಅದಕ್ಕೆ ನಾನು ಮೊದಲು 'ಒಬ್ಬ ಅಜ್ಜಿ' ಎಂದು ಮಾತ್ರ ಓದುತ್ತೇನೆ.

ಮುಂದಿನ ವಾರ ಆ ಕಥೆಯನ್ನೇ ಓದಿದೆ. ಬಿಳಿ ಹಾಸಿಗೆಯ ಜಾಗಕ್ಕೆ ಬಂದಾಗ ಅಡುಪ್ಪಿನ ಪುಟ್ಟಿ ತಡೆದಳು. "ಇವಳೂ ಅಡಗೂಲಜ್ಜಿಯಾ ಟೀಚರ್?" ನಾನು ಉತ್ತರ ಹೇಳಲಿಲ್ಲ. ಹೊರಗೆ ಮಳೆ ಹೊಯ್ಯುತ್ತಿತ್ತು. ಪುಟ ತಿರುಗಿಸಿ ಬೆಳಗಾದ ಭಾಗಕ್ಕೆ ಬಂದೆ.