ಮನೆಯವರ ಕಾಯಿಲೆ ಮತ್ತು ವರ್ಗಾವಣೆ ಆದೇಶ

ವರ್ಗಾವಣೆಯ ಹಂಗಾಮು ಶುರುವಾಯಿತೆಂದರೆ ನನ್ನ ವಕೀಲಿ ಕಚೇರಿಗೆ ಬರುವ ಸರ್ಕಾರಿ ನೌಕರರ ಕೈಯಲ್ಲಿ ಸಾಮಾನ್ಯವಾಗಿ ಎರಡು ಕಾಗದಗಳಿರುತ್ತವೆ. ಒಂದು ವರ್ಗಾವಣೆ ಆದೇಶ, ಇನ್ನೊಂದು ‘ಇವರ ತಾಯಿಯವರು ನಮ್ಮಲ್ಲಿ ಚಿಕಿತ್ಸೆ ಪಡೆಯುತ್ತಿದ್ದಾರೆ’ ಎಂಬ ಒಂದೇ ಸಾಲಿನ ವೈದ್ಯಕೀಯ ಪ್ರಮಾಣಪತ್ರ. ಇವೆರಡನ್ನೇ ನಂಬಿ, ರಾಜ್ಯ ನೌಕರರ ಸೇವಾ ವ್ಯಾಜ್ಯಗಳನ್ನು ಆಲಿಸುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯ ಮೆಟ್ಟಿಲು ಹತ್ತಿದವರು ಬರಿಗೈಯಲ್ಲಿ ಇಳಿಯುವುದೇ ಹೆಚ್ಚು.

ಇದಕ್ಕೆ ಕಾರಣ ತಿಳಿಯಬೇಕಾದರೆ 1993ರಲ್ಲಿ ಸುಪ್ರೀಂ ಕೋರ್ಟ್ ತೀರ್ಮಾನಿಸಿದ ಎಸ್.ಎಲ್. ಅಬ್ಬಾಸ್ ಪ್ರಕರಣವನ್ನು ನೋಡಬೇಕು. ಶಿಲ್ಲಾಂಗ್‌ನಿಂದ ಈಗಿನ ಉತ್ತರಾಖಂಡದ ಪೌರಿಗೆ ವರ್ಗವಾಗಿದ್ದ ಆ ಕೇಂದ್ರ ನೌಕರರು, ಹೆಂಡತಿಯ ನೌಕರಿ, ಮಕ್ಕಳ ಓದು, ತಮ್ಮ ಬೆನ್ನುಮೂಳೆಗೆ ಆಗಿದ್ದ ಪೆಟ್ಟು ಎಲ್ಲವನ್ನೂ ಮುಂದಿಟ್ಟಿದ್ದರು. ಕೇಂದ್ರ ಆಡಳಿತ ನ್ಯಾಯಮಂಡಳಿ ಅವರ ಪರ ನಿಂತರೂ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಯಾರನ್ನು ಎಲ್ಲಿಗೆ ಹಾಕಬೇಕೆಂಬುದು ಸಕ್ಷಮ ಪ್ರಾಧಿಕಾರದ ವಿವೇಚನೆ, ದುರುದ್ದೇಶ ಅಥವಾ ಶಾಸನದ ಉಲ್ಲಂಘನೆ ಇಲ್ಲದಿದ್ದರೆ ನ್ಯಾಯಾಲಯ ಕೈಹಾಕುವುದಿಲ್ಲ ಎಂದಿತು. ಆದರೆ ಅದೇ ತೀರ್ಪಿನಲ್ಲಿ, ನೌಕರನು ಮನವಿ ಸಲ್ಲಿಸಿದರೆ ಪ್ರಾಧಿಕಾರ ಅದನ್ನು ಪರಿಶೀಲಿಸಲೇಬೇಕು ಎಂಬ ಮಾತೂ ಇದೆ. ಕಾಯಿಲೆಯ ಪ್ರಕರಣಗಳಲ್ಲಿ ನಾನು ಆತುಕೊಳ್ಳುವುದು ಬಹುಪಾಲು ಈ ಮಾತನ್ನೇ.

ಹಾಗಾಗಿ ನ್ಯಾಯಮಂಡಳಿಗೆ ಹಾಕುವ ಅರ್ಜಿಗಿಂತ ಮೊದಲು ಇಲಾಖೆಗೆ ಕೊಡುವ ಮನವಿ ಗಟ್ಟಿಯಾಗಿರಬೇಕು. ತಾಯಿಗೆ ವಾರಕ್ಕೆ ಮೂರು ಸಲ ಡಯಾಲಿಸಿಸ್ ಮಾಡಿಸುವ ಪ್ರಥಮ ದರ್ಜೆ ಸಹಾಯಕಿಯೊಬ್ಬರು ಬಂದಿದ್ದರು. ‘ಹೊಸ ಸ್ಥಳದ ತಾಲ್ಲೂಕು ಆಸ್ಪತ್ರೆಯಲ್ಲೂ ಡಯಾಲಿಸಿಸ್ ಇದೆಯಲ್ಲ’ ಎಂದು ಇಲಾಖೆ ಹೇಳುವುದು ಖಚಿತವಿತ್ತು. ಆದ್ದರಿಂದ ಕೈಯ ಫಿಸ್ಟುಲಾ (ಡಯಾಲಿಸಿಸ್‌ಗಾಗಿ ರಕ್ತನಾಳಗಳನ್ನು ಜೋಡಿಸಿ ಮಾಡಿದ ಮಾರ್ಗ) ಎರಡು ಬಾರಿ ಕಟ್ಟಿಕೊಂಡದ್ದು, ಅದನ್ನು ಸರಿಪಡಿಸಬಲ್ಲ ಶಸ್ತ್ರಚಿಕಿತ್ಸಕರು ಹೊಸ ಸ್ಥಳದಲ್ಲಿ ಇಲ್ಲದಿರುವುದು, ಮನೆಯಲ್ಲಿ ನೋಡಿಕೊಳ್ಳಲು ಇನ್ನೊಬ್ಬರಿಲ್ಲ ಎಂಬುದು ಇವಿಷ್ಟನ್ನೂ ವೈದ್ಯರ ವಿವರವಾದ ಪತ್ರ, ಡಯಾಲಿಸಿಸ್ ದಾಖಲೆ ಪುಸ್ತಕದ ನಕಲು ಮತ್ತು ಪಡಿತರ ಚೀಟಿಯೊಂದಿಗೆ ಬರೆಸಿದೆವು. ಕಾಯಿಲೆ ಇದೆ ಎಂಬುದಕ್ಕಿಂತ ಆ ಕಾಯಿಲೆಗೆ ಈ ಊರೇ ಏಕೆ ಬೇಕು ಎಂಬುದಕ್ಕೆ ಹೆಚ್ಚು ತೂಕ. ಶಾಸಕರ ಶಿಫಾರಸು ಪತ್ರ ಲಗತ್ತಿಸಲೇ ಎಂದು ಅವರು ಕೇಳಿದರು. ಸೇವಾ ವಿಷಯಗಳಲ್ಲಿ ರಾಜಕೀಯ ಒತ್ತಡ ತರುವುದನ್ನು ನಡತೆ ನಿಯಮಗಳೇ ನಿಷೇಧಿಸಿರುವುದರಿಂದ ಅದನ್ನು ಮನೆಯಲ್ಲೇ ಇಡಲು ಹೇಳಿದೆ.

ಸಮಯವೂ ಮುಖ್ಯ. ಪ್ರಭಾರ ಹಸ್ತಾಂತರವಾಗಿ, ಬದಲಿ ನೌಕರರು ಬಂದು ಕುಳಿತ ಮೇಲೆ ತಡೆಯಾಜ್ಞೆ ಸಿಗುವುದು ಕಷ್ಟ. ಆದ್ದರಿಂದ ಆದೇಶ ಕೈಸೇರಿದ ದಿನವೇ ಮನವಿ ಕೊಟ್ಟು, ಟಪಾಲು ಶಾಖೆಯ ಮೊಹರು ಮತ್ತು ದಿನಾಂಕ ಪಡೆಯಿರಿ. ಮನವಿ ಕೊಟ್ಟಿದ್ದೇನೆಂದು ಹಾಜರಾಗದೆ ಕೂರುವುದು ಮಾತ್ರ ಅಪಾಯ. ತಡೆಯಾಜ್ಞೆ ಇಲ್ಲದಿದ್ದರೆ ಹೊಸ ಸ್ಥಳಕ್ಕೆ ಹೋಗಲೇಬೇಕು ಎಂದು ಸುಪ್ರೀಂ ಕೋರ್ಟ್‌ನ 1989ರ ಪೋಶಾನಿ ತೀರ್ಪು ಸ್ಪಷ್ಟಪಡಿಸಿದೆ. ವರ್ಗಾವಣೆ ಅವಧಿಪೂರ್ವವಾಗಿದ್ದರೆ, ಅಂದರೆ ಒಂದು ಸ್ಥಳದಲ್ಲಿರಬೇಕಾದ ಕನಿಷ್ಠ ಅವಧಿ ಮುಗಿಯುವ ಮೊದಲೇ ಆಗಿದ್ದರೆ, ರಾಜ್ಯ ಸರ್ಕಾರದ ವರ್ಗಾವಣೆ ಮಾರ್ಗಸೂಚಿಯಂತೆ ಮುಖ್ಯಮಂತ್ರಿಗಳ ಪೂರ್ವಾನುಮೋದನೆ ಇತ್ತೇ ಎಂಬುದನ್ನೂ ಕಡತದಲ್ಲಿ ನೋಡಬೇಕು. ಎಷ್ಟೋ ಸಲ ಕಾಯಿಲೆಗಿಂತ ಈ ಅಂಶವೇ ಕೈಹಿಡಿಯುತ್ತದೆ.

ಕೇಂದ್ರ ಸರ್ಕಾರಿ ನೌಕರರಿಗೆ ಇನ್ನೊಂದು ದಾರಿಯಿದೆ. ಅವಲಂಬಿತ ಅಂಗವಿಕಲ ಮಗು, ಸಂಗಾತಿ, ತಂದೆತಾಯಿ ಅಥವಾ ಒಡಹುಟ್ಟಿದವರ ಮುಖ್ಯ ಆರೈಕೆದಾರರಾಗಿದ್ದರೆ, ಆಡಳಿತಾತ್ಮಕ ಮಿತಿಗಳಿಗೆ ಒಳಪಟ್ಟು, ವಾಡಿಕೆಯ ವರ್ಗಾವಣೆಯಿಂದ ವಿನಾಯಿತಿ ಕೇಳಲು ಕೇಂದ್ರ ಸಿಬ್ಬಂದಿ ಇಲಾಖೆಯ 2018ರ ಅಕ್ಟೋಬರ್ 8ರ ಜ್ಞಾಪನ ಅವಕಾಶ ಕೊಡುತ್ತದೆ. ಆದರೆ ಇಲ್ಲಿ ಲೆಕ್ಕಕ್ಕೆ ಬರುವುದು 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ ಪಟ್ಟಿಯಲ್ಲಿರುವ ಅಂಗವೈಕಲ್ಯ. ಅದರಲ್ಲಿ ಥಲಸ್ಸೇಮಿಯಾ, ಪಾರ್ಕಿನ್ಸನ್ ಇವೆ. ಮೂತ್ರಪಿಂಡ ವೈಫಲ್ಯ, ಕ್ಯಾನ್ಸರ್ ಇಲ್ಲ.

ಕೋರಿಕೆಯಲ್ಲಿ ಆದೇಶದ ರದ್ದತಿಯನ್ನಷ್ಟೇ ಕೇಳಬೇಡಿ. ಅದೇ ನಗರದಲ್ಲಿ ಖಾಲಿಯಿರುವ ಹುದ್ದೆಗಳನ್ನೂ ಪರ್ಯಾಯವಾಗಿ ಹೆಸರಿಸಿ. ಆ ಸಹಾಯಕಿಯವರ ವರ್ಗಾವಣೆಯನ್ನು ನ್ಯಾಯಮಂಡಳಿ ರದ್ದುಪಡಿಸಲಿಲ್ಲ. ನಾಲ್ಕು ವಾರದೊಳಗೆ ಮನವಿಯ ಮೇಲೆ ಸಕಾರಣ ಆದೇಶ ಹೊರಡಿಸಬೇಕು, ಅಲ್ಲಿಯವರೆಗೆ ಯಥಾಸ್ಥಿತಿ ಇರಲಿ ಎಂದಿತು. ಮೂರನೆಯ ವಾರದಲ್ಲಿ ಇಲಾಖೆ ಅವರನ್ನು ಅದೇ ಊರಿನ ಇನ್ನೊಂದು ಕಚೇರಿಗೆ ಹಾಕಿತು.